ತೆಗೆದುಹಾಕಿದ ನಾಲ್ಕು ಸಾಲು

ಆಗಸ್ಟ್ 3, 1999, ಮಂಗಳವಾರ

ಹೊಸ ನೋಟ್‌ಬುಕ್. ಮಾಡಿದ ಕೆಲಸವನ್ನು ಆಗಿಂದಾಗಲೇ ಬರೆದಿಡಿ, ಇಲ್ಲದಿದ್ದರೆ ಆರು ತಿಂಗಳಲ್ಲಿ ನಿಮ್ಮ ಪ್ರೋಗ್ರಾಮು ನಿಮಗೇ ಗುರುತು ಸಿಗುವುದಿಲ್ಲ ಎಂದು ಹುಡುಗರಿಗೆ ಹೇಳುವವಳು ನಾನೇ. ಹೇಳುವುದಷ್ಟೇ ಆಗಿದೆ. ಇವತ್ತಿನಿಂದ ಬರೆಯುತ್ತೇನೆ.

ಒಂಬತ್ತು ವರ್ಷದಿಂದ ದಾವಣಗೆರೆಯ ಈ ಕಾಲೇಜಿನ ಕಂಪ್ಯೂಟರ್ ಲ್ಯಾಬಿನಲ್ಲಿ ಬೇರೆಯವರ ಪ್ರೋಗ್ರಾಮುಗಳ ತಪ್ಪು ಹುಡುಕಿದ್ದೇ ಆಯಿತು. ನನ್ನದು ಅಂತ ಇರುವುದು ರಕ್ತದಾನಿಗಳ ಬಳಗದ ಕೆಲಸ ಒಂದೇ. ಹರಿಹರದಲ್ಲಿ ಹಯಾತ್ ಸಾಬರ ಮನೆಯ ಮುಂದಿನ ಕೋಣೆ, ಅಲ್ಲೊಂದು ಫೋನು, ನಮ್ಮ ಕಾಲೇಜು ಬೇಡವೆಂದು ಬಿಟ್ಟ ಒಂದು ಹಳೆಯ ಕಂಪ್ಯೂಟರು. ಆಸ್ಪತ್ರೆಯಿಂದ ಇಂಥ ಗುಂಪಿನ ರಕ್ತ ಬೇಕು ಎಂದು ಫೋನ್ ಬಂದರೆ ಸಾಬರು ಕಂಪ್ಯೂಟರಿನಲ್ಲಿ ಹುಡುಕಿ, ಹತ್ತಿರದ ದಾನಿಗಳಿಗೆ ಫೋನ್ ಮಾಡಿ ಕಳಿಸುತ್ತಾರೆ. ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಮೂವತ್ತೈದು ವರ್ಷ ಆಪರೇಟರ್ ಆಗಿದ್ದವರು. ನಿವೃತ್ತಿಯಾದ ಮೇಲೂ ದಿನವಿಡೀ ಫೋನಿನ ಪಕ್ಕ ಕೂರುವುದು ಅವರಿಗೆ ಕಷ್ಟವೇ ಅಲ್ಲ. ಈಗ ಸಾವಿರದ ನಾನೂರು ರೆಕಾರ್ಡುಗಳಿವೆ.

ನಾನು ಬರೆದುಕೊಟ್ಟ ಪ್ರೋಗ್ರಾಮುಗಳು ನಾಲ್ಕು. ಹುಡುಕುವುದು, ಸೇರಿಸುವುದು, ತಿದ್ದುವುದು, ಅಚ್ಚು ಹಾಕುವುದು. ಕಪ್ಪು ಪರದೆಯ ಮೇಲೆ ಪ್ರೋಗ್ರಾಮಿನ ಹೆಸರು ಹೊಡೆದು, ಮುಂದೆ ಒಂದು ಅಡ್ಡಗೆರೆ, ಒಂದು ಅಕ್ಷರ, ಆಮೇಲೆ ಬೇಕಾದದ್ದು: ಗುಂಪಾದರೆ ಗುಂಪು, ಊರಾದರೆ ಊರು. ಹೀಗೆ ಟೈಪು ಮಾಡಿದ ಸಾಲನ್ನು ಬಿಡಿಸಿ ಓದುವ ಕೆಲಸವನ್ನು ಒಂದು ಲೈಬ್ರರಿ ಫೈಲಿಗೆ ವಹಿಸಿದ್ದೇನೆ. ನಾಲ್ಕೂ ಪ್ರೋಗ್ರಾಮುಗಳು ಅದೇ ಫೈಲನ್ನು ಹಂಚಿಕೊಳ್ಳುತ್ತವೆ. ಅದೊಂದನ್ನು ಬದಲಿಸಿದರೆ ನಾಲ್ಕೂ ಬದಲಾದ ಹಾಗೆ.

ಮೂರು ವರ್ಷದ ಹಿಂದೆ ಬರೆದದ್ದನ್ನು ಇವತ್ತು ತೆರೆದು ನೋಡಿ ನಾಚಿಕೆಯಾಯಿತು. ಎಲ್ಲೆಲ್ಲೂ ತೇಪೆ. ಪೂರ್ತಿ ಹೊಸದಾಗಿ ಬರೆಯುತ್ತೇನೆ.

ಆಗಸ್ಟ್ 7, ಶನಿವಾರ

ಮುಗಿಯಿತು. ಮುನ್ನೂರ ಎಂಬತ್ತು ಸಾಲಿದ್ದದ್ದು ನೂರ ತೊಂಬತ್ತಕ್ಕೆ ಇಳಿದಿದೆ. ಓದಿದರೆ ಒಂದು ಕಡೆಯೂ ತಡೆಯುವುದಿಲ್ಲ.

ಒಂದು ಕಡೆ ನಾಲ್ಕು ಸಾಲು ಯಾಕಿವೆ ಎಂದೇ ತಿಳಿಯಲಿಲ್ಲ. ಬರೀ ಅಡ್ಡಗೆರೆಯೊಂದೇ ಬಂದರೆ ಅದನ್ನು ಹಿಂದಿನ ಪದಕ್ಕೆ ಅಂಟಿಸು ಎಂದು ಬರೆದಿದ್ದೇನೆ. ಪಕ್ಕದಲ್ಲಿ ಒಂದು ಟಿಪ್ಪಣಿಯೂ ಇಲ್ಲ. ಅಡ್ಡಗೆರೆಯ ಮುಂದೆ ಅಕ್ಷರವಿದ್ದರೆ ತಾನೇ ಅದಕ್ಕೆ ಅರ್ಥ? ಅಕ್ಷರವಿಲ್ಲದ ಗೆರೆ ಏನೂ ಅಲ್ಲ, ಬಿಟ್ಟು ಮುಂದೆ ಹೋಗಬೇಕು. ಆ ನಾಲ್ಕು ಸಾಲು ತೆಗೆದುಹಾಕಿದೆ.

ವಾಣಿ ಅಕ್ಕ ಶಾಲೆಯಲ್ಲಿ ಪಾಠ ಮುಗಿಸಿ ಬಂದವಳು ನನ್ನ ಮುಖ ನೋಡಿ, "ಏನೇ, ಲಾಟರಿ ಹೊಡೀತಾ?" ಎಂದಳು. ಮನೆಯಲ್ಲಿ ಇರುವವರು ನಾವಿಬ್ಬರೇ. ಅವಳಿಗೆ ಇದನ್ನೆಲ್ಲ ಹೇಳಿದರೆ ಅರ್ಥವಾಗುವುದಿಲ್ಲ. ಆದರೂ ಹೇಳಿದೆ.

ಆಗಸ್ಟ್ 8, ಭಾನುವಾರ

ಹರಿಹರಕ್ಕೆ ಹೋಗಿ ಫ್ಲಾಪಿಯಿಂದ ಹೊಸ ಫೈಲು ಹಾಕಿ ಬಂದೆ. ಒಂದೇ ಫೈಲು, ಐದು ನಿಮಿಷ.

"ಹೊಸದು ಅಂದ್ರೆ ನಾನೇನಾದ್ರೂ ಮತ್ತ ಕಲೀಬೇಕೇನ್ ಉಮಮ್ಮ?" ಎಂದು ಹಯಾತ್ ಸಾಬ್ ಕೇಳಿದರು.

"ಏನೂ ಬ್ಯಾಡ ಸಾಬ್ರೆ. ಹೊರಗೆಲ್ಲ ಮೊದ್ಲಿನಂಗೇ ಐತೆ. ಒಳಗೆ ಮಾತ್ರ ಬ್ಯಾರೆ."

ಮೆಹರ್ ಬಾನು ಚಹಾ ತಂದರು. ಸಾಬರು ಕನ್ನಡಕ ಒರೆಸಿಕೊಂಡು ಕುರ್ಚಿಗೆ ಬರುವಷ್ಟರಲ್ಲಿ ನಾನೇ ಎಂಟೂ ಗುಂಪುಗಳನ್ನು ಹೊಡೆದು ತೋರಿಸಿಬಿಟ್ಟೆ. ಅವರು ಎರಡು ಬೆರಳಲ್ಲಿ ಅಕ್ಷರ ಹುಡುಕುತ್ತ ಕೂತರೆ ನನ್ನ ಬಸ್ಸು ತಪ್ಪುತ್ತಿತ್ತು. ಎಲ್ಲ ಸರಿಯಾಗಿ ಬಂತು.

ನಾಡಿದ್ದು ಕಾಲೇಜಿನಲ್ಲಿ ರಕ್ತದಾನ ಶಿಬಿರ. ಇನ್ನೂರು ರೆಕಾರ್ಡಾದರೂ ಹೊಸದಾಗಿ ಸೇರುತ್ತವೆ.

ಆಗಸ್ಟ್ 19, ಗುರುವಾರ

ಸಂಜೆ ನಾಲ್ಕೂಕಾಲಿಗೆ ಲ್ಯಾಬಿಗೆ ಹಯಾತ್ ಸಾಬರ ಫೋನ್. ಒಂದು ಕೇಸು ಹೋಯಿತಂತೆ. ಬಾಣಂತಿ. "ನನ್ನಿಂದಾನೇ ಆತು ಉಮಮ್ಮ" ಎಂದರು. ಏನಾಯಿತು ಎಂದು ಕೇಳಿದೆ. ಅವರು ಫೋನ್ ಇಟ್ಟುಬಿಟ್ಟರು.

ಆಗಸ್ಟ್ 20, ಶುಕ್ರವಾರ

ಅರ್ಧ ದಿನ ರಜೆ ಹಾಕಿ ಹೋದೆ. ಸಾಬರು ಹೇಳಿದ್ದನ್ನು ಇದ್ದ ಹಾಗೆ ಬರೆಯುತ್ತೇನೆ.

ಆಕೆ ಮರುಳಸಿದ್ದಮ್ಮ. ಇಪ್ಪತ್ತಮೂರು ವರ್ಷ, ಕಡರನಾಯಕನಹಳ್ಳಿ. ದಾವಣಗೆರೆಯ ಒಂದು ನರ್ಸಿಂಗ್ ಹೋಮಿನಲ್ಲಿ ನಿನ್ನೆ ಬೆಳಿಗ್ಗೆ ಹೆರಿಗೆಯಾಯಿತು, ಹೆಣ್ಣು ಮಗು. ರಕ್ತ ನಿಲ್ಲಲಿಲ್ಲ. ಬಿ ನೆಗೆಟಿವ್. ಸಿಕ್ಕ ಒಂದೇ ಬಾಟಲಿ ಹಾಕಿ ಮುಗಿದಿತ್ತು. ಸಾಬರಿಗೆ ಫೋನ್ ಬಂದದ್ದು ಹನ್ನೆರಡೂವರೆಗೆ. ಕಂಪ್ಯೂಟರಿನಲ್ಲಿ ಹುಡುಕಿದರೆ ಉದ್ದನೆಯ ಪಟ್ಟಿ ಬಂತು. ಮೊದಲೆಲ್ಲ ಬಿ ನೆಗೆಟಿವ್‌ಗೆ ಏಳು ಹೆಸರು ಬರುತ್ತಿದ್ದವು. ಶಿಬಿರದಲ್ಲಿ ಹೊಸಬರು ಸೇರಿದ್ದಾರೆ ಎಂದುಕೊಂಡು ಸಾಬರಿಗೆ ಖುಷಿಯೇ ಆಯಿತಂತೆ. ನರ್ಸಿಂಗ್ ಹೋಮಿಗೆ ಹತ್ತಿರವೆಂದು ನಮ್ಮ ಎಸ್.ಎಸ್. ಬಡಾವಣೆಯ ಮೂವರಿಗೆ ಫೋನ್ ಮಾಡಿದರು. ಮೂವರೂ ಕೈಯಲ್ಲಿದ್ದ ಕೆಲಸ ಬಿಟ್ಟು ಹೋದರು. ಪರೀಕ್ಷೆ ಮಾಡಿದರೆ ಮೊದಲನೆಯವರು ಬಿ ಪಾಸಿಟಿವ್. ಎರಡನೆಯವರು ಪಾಸಿಟಿವ್. ಮೂರನೆಯವರೂ ಪಾಸಿಟಿವ್. ಅಷ್ಟರಲ್ಲಿ ಎರಡೂವರೆ. ಆಗ ಸಾಬರು ಪಟ್ಟಿ ಬಿಟ್ಟು, ನೆನಪಿನಿಂದಲೇ ಕೊಂಡಜ್ಜಿಯ ಗೌಸ್ ಪೀರ್‌ಗೆ ಫೋನ್ ಮಾಡಿದರು. ಆತ ಹಿಟ್ಟಿನ ಗಿರಣಿ ನಿಲ್ಲಿಸಿ, ಮೈಮೇಲಿನ ಹಿಟ್ಟು ಕೂಡ ಕೊಡವದೆ ಮೊಪೆಡ್ಡಿನಲ್ಲಿ ಬಂದ. ಮುಟ್ಟಿದಾಗ ಮೂರು ನಲವತ್ತು. ಆಕೆ ಹೋದದ್ದು ಮೂರು ಹತ್ತಕ್ಕೆ.

"ಮೈನಸ್ ಹಾಕೋದು ಮರ್ತೀನಿ, ಅಷ್ಟೇ" ಎಂದರು ಸಾಬರು. "ಬಿ ಅಂತ ಹೊಡ್ದು ಹಂಗೇ ಬಿಟ್ಟಿರ್ಬೇಕು. ಅರವತ್ತೊಂದು ಆತು ನನಗ. ಕೈ ಹೇಳಿದಂಗ ಕೇಳಂಗಿಲ್ಲ."

ಗುಂಪಿನ ಮುಂದೆ ಏನೂ ಹಾಕದಿದ್ದರೆ ಪಾಸಿಟಿವ್ ಎಂದು ತಿಳಿಯುವಂತೆ ನಾನೇ ಬರೆದಿದ್ದೇನೆ. ಸಾಬರು ಮರೆತಿರಬಹುದು. ವಯಸ್ಸಾದವರಿಗೆ ಆಗುವುದೇ. ಆದರೆ ಅವರಿಗೆ ಅದನ್ನು ಹೇಳಲಿಲ್ಲ.

ಆಗಸ್ಟ್ 27, ಶುಕ್ರವಾರ

ಮಧ್ಯಾಹ್ನ ಹರಿಹರಕ್ಕೆ ಹೋಗಿದ್ದೆ. ಕಂಪ್ಯೂಟರಿನ ಮೇಲೆ ಮೆಹರ್ ಬಾನು ಒಂದು ದುಪ್ಪಟಿ ಹೊದಿಸಿದ್ದರು. ಆವತ್ತಿನಿಂದ ಸಾಬರು ಅದನ್ನು ಮುಟ್ಟಿಲ್ಲ. ಫೋನ್ ಬಂದರೆ ದಾನಿಗಳ ಹೆಸರು ಬರೆದಿಟ್ಟ ಹಳೆಯ ಪುಸ್ತಕದಲ್ಲಿ ಹುಡುಕುತ್ತಾರಂತೆ. ಅವರು ನಮಾಜಿಗೆ ಹೋಗಿದ್ದಾಗ ನಾನು ಸುಮ್ಮನೆ ಚಾಲೂ ಮಾಡಿದೆ. ಶಿಬಿರದ ಹೆಸರುಗಳು ಸರಿಯಾಗಿ ಸೇರಿವೆಯೇ ಎಂದು ನೋಡಲು. ಅಷ್ಟೇ ಉದ್ದೇಶ.

ಆ ಕಂಪ್ಯೂಟರನ್ನು ನಡೆಸುವ ಲಿನಕ್ಸ್ ವ್ಯವಸ್ಥೆಯಲ್ಲಿ, ಟೈಪು ಮಾಡಿದ ಸಾಲುಗಳೆಲ್ಲ ಒಂದು ಫೈಲಿನಲ್ಲಿ ಉಳಿದಿರುತ್ತವೆ. ಮೇಲಿನ ಬಾಣದ ಕೀಲಿ ಒತ್ತಿದರೆ ಕೊನೆಯದು ಬರುತ್ತದೆ. ಒತ್ತಿದೆ. ಕಂಪ್ಯೂಟರ್ ನಿಲ್ಲಿಸುವ ಸಾಲು ಬಂತು. ಇನ್ನೊಮ್ಮೆ ಒತ್ತಿದೆ.

hudku -g B -

ಮೈನಸ್ ಇತ್ತು. ಬಿ, ಒಂದು ಜಾಗ, ಮೈನಸ್.

ಅವರು ಮರೆತಿರಲಿಲ್ಲ.

ಆಗ ನೆನಪಾಯಿತು. ಮೂರು ವರ್ಷದ ಹಿಂದೆ ಸಾಬರು ಫೋನ್ ಮಾಡಿ, "ನಿಮ್ ಮಷಿನ್ನಿಗೂ ನನ್ ಕೈಗೂ ಹೊಂದಂಗಿಲ್ಲ ಉಮಮ್ಮ, ಬಿ ನೆಗೆಟಿವ್ ಅಂದ್ರೆ ತಪ್ಪು ಅಂತೈತೆ" ಎಂದಿದ್ದರು. ಎಕ್ಸ್‌ಚೇಂಜಿನಲ್ಲಿ ದೂರದ ಊರಿನ ಟ್ರಂಕ್ ಕಾಲಿನ ಚೀಟಿಯಲ್ಲಿ ಅಕ್ಷರಕ್ಕೂ ಗುರುತಿಗೂ ನಡುವೆ ಜಾಗ ಬಿಟ್ಟು ಬರೆದು ಅವರಿಗೆ ರೂಢಿ. ಬಿಡಬೇಡಿ ಎಂದರೂ ಬೆರಳು ತಾನೇ ಹೋಗಿ ಜಾಗ ಬಿಡುತ್ತಿತ್ತು. "ನೀವು ನಿಮ್ಮಂಗೇ ಹೊಡೀರಿ ಸಾಬ್ರೆ, ಮಷಿನ್ನೇ ಕಲ್ಕೊಳ್ಳಲಿ" ಎಂದು ನಾನೇ ನಕ್ಕು ಹೇಳಿದ್ದೆ. ಅವತ್ತು ಬರೆದದ್ದು ಆ ನಾಲ್ಕು ಸಾಲು.

ಅವನ್ನು ತೆಗೆದ ಮೇಲೆ ಮಷಿನ್ನು ಆ ಒಂಟಿ ಮೈನಸ್ ಗೆರೆಯನ್ನು ಬಿಟ್ಟು ಬರೀ ಬಿ ಎಂದು ಓದಿದೆ. ಬರೀ ಬಿ ಎಂದರೆ ಪಾಸಿಟಿವ್. ಎಂಟನೇ ತಾರೀಖು ನಾನು ಹೊಡೆದು ತೋರಿಸಿದ್ದು ಜಾಗ ಬಿಡದೆ. ಕೇಳಿದ ಗುಂಪನ್ನೇ ಮತ್ತೆ ಯಾಕೆ ತೋರಿಸುವುದೆಂದು ಪಟ್ಟಿಯಲ್ಲಿ ಗುಂಪಿನ ಕಾಲಂ ಕೂಡ ನಾನು ಇಟ್ಟಿರಲಿಲ್ಲ.

ಬರೆದದ್ದನ್ನು ಮಷಿನ್ನಿನ ಭಾಷೆಗೆ ತಿರುಗಿಸುವ ಕಂಪೈಲರ್ ಅಲ್ಲೇ ಇತ್ತು. ನಾಲ್ಕು ಸಾಲು ಮತ್ತೆ ಬರೆದೆ. ಗುಂಪಿನ ಕಾಲಂ ಸೇರಿಸಿದೆ. ಹತ್ತು ನಿಮಿಷ. ಜಾಗ ಬಿಟ್ಟು ಹೊಡೆದು ನೋಡಿದೆ. ಏಳು ಹೆಸರು ಬಂದವು.

ಸಾಬರು ಒಳಗೆ ಬಂದು, "ಏನಾತು ಉಮಮ್ಮ?" ಎಂದರು.

"ಏನಿಲ್ಲ ಸಾಬ್ರೆ. ಸುಮ್ನೆ ನೋಡ್ದೆ."

ದುಪ್ಪಟಿ ಹೊದಿಸಿ, ಮೆಹರ್ ಬಾನು ಕೊಟ್ಟ ಚಹಾ ಕುಡಿದು ಬಂದೆ.

ಆಗಸ್ಟ್ 28, ಶನಿವಾರ

ಏನೂ ಬರೆಯುವುದಿಲ್ಲ.

ಆಗಸ್ಟ್ 31, ಮಂಗಳವಾರ

ಅಕ್ಕನಿಗೆ ಹೇಳಿದೆ. ಬೆಳಿಗ್ಗೆ ಚಪಾತಿ ಲಟ್ಟಿಸುತ್ತ ಇದ್ದವಳು ಕೈ ನಿಲ್ಲಿಸಲಿಲ್ಲ. ಪೂರ್ತಿ ಕೇಳಿದ ಮೇಲೆ ಒಲೆ ಆರಿಸಿದಳು.

"ಬ್ಯಾರೆ ಯಾರಿಗಾದ್ರೂ ಗೊತ್ತೈತಾ?"

"ಇಲ್ಲ."

"ಹಂಗಾದ್ರೆ ಯಾರಿಗೂ ಹೇಳಬ್ಯಾಡ. ನೀನೇನು ಬೇಕಂತ ಮಾಡಿದ್ಯಾ? ರಕ್ತ ಸಿಕ್ಕಿದ್ರೂ ಉಳೀತಿದ್ಲೋ ಇಲ್ಲೋ. ಸರಿ ಮಾಡಿದ್ಯಲ್ಲ, ಮುಗೀತು."

"ಸಾಬ್ರು ತಮ್ಮದೇ ತಪ್ಪು ಅನ್ಕೊಂಡಾರೆ."

"ಅವ್ರು ದೊಡ್ಡೋರು. ದಿನ ಕಳೆದಂಗೆ ಮರೀತಾರೆ."

ಅಕ್ಕ ನನ್ನ ಮೇಲಿನ ಪ್ರೀತಿಗೆ ಹೇಳುತ್ತಿದ್ದಾಳೆ. ಅವಳು ಹೇಳಿದ್ದರಲ್ಲಿ ಸುಳ್ಳೂ ಇಲ್ಲ. ಎರಡು ಚಪಾತಿ ತಿಂದು ಕಾಲೇಜಿಗೆ ಹೋದೆ.

ಸೆಪ್ಟೆಂಬರ್ 7, ಮಂಗಳವಾರ

ಬಳಗದ ಸಭೆ. ಅಧ್ಯಕ್ಷರು ರುದ್ರಮುನಿಯವರು. ದಾವಣಗೆರೆಯಲ್ಲಿ ಅವರ ಬಟ್ಟೆ ಅಂಗಡಿಯ ಮಹಡಿಯ ಮೇಲೆ ಸೇರಿದ್ದೆವು. ಕೆಳಗೆ ರಸ್ತೆಯಲ್ಲಿ ಎಲೆಕ್ಷನ್ ಜೀಪುಗಳ ಮೈಕು, ಮಾತು ಅರ್ಧರ್ಧ ಕೇಳುತ್ತಿತ್ತು. ರುದ್ರಮುನಿಯವರು ಒಳ್ಳೆಯವರು. ಹೇಳುವುದನ್ನು ಮೆತ್ತಗೇ ಹೇಳಿದರು.

"ಸಾಬ್ರೆ, ಐದು ವರ್ಷ ನೀವು ಮಾಡಿದ್ದು ಯಾರಿಂದಾನೂ ಆಗಂಗಿಲ್ಲ. ಆದ್ರೆ ವಯಸ್ಸು ಯಾರನ್ನ ಬಿಟ್ಟೈತ್ರಿ? ಇನ್ಮ್ಯಾಲೆ ಫೋನು ಇಲ್ಲೇ ಅಂಗಡೀಗೆ ತರಿಸ್ತೀವಿ. ನೀವು ಆರಾಮ ಇರ್ರಿ."

ಆಮೇಲೆ ನನ್ನ ಕಡೆ ತಿರುಗಿದರು. "ಮೇಡಂ, ಮಷಿನ್ ಏನೂ ತೊಂದ್ರೆ ಇಲ್ಲ ಅಲ್ರಿ?"

"ಮಷಿನ್ ಸರಿ ಐತ್ರಿ" ಎಂದೆ.

ನಿಜವೇ. ಹನ್ನೊಂದು ದಿನದಿಂದ ಅದು ಸರಿಯಾಗಿಯೇ ಇದೆ.

ಸಾಬರು ದಾನಿಗಳ ಪುಸ್ತಕ, ಕೋಣೆಯ ಬೀಗದ ಕೈ ಎರಡನ್ನೂ ಮೇಜಿನ ಮೇಲೆ ಇಟ್ಟರು. ಇಟ್ಟ ಮೇಲೆ ಕೈ ಎಲ್ಲಿಡಬೇಕೆಂದು ತಿಳಿಯದವರ ಹಾಗೆ ತೊಡೆಯ ಮೇಲಿಟ್ಟು, ತೆಗೆದು, ಮತ್ತೆ ಇಟ್ಟುಕೊಂಡರು. ಮೆಟ್ಟಿಲು ಇಳಿಯುವಾಗ ನನಗೆ, "ನಿಮಗೂ ಕೆಟ್ಟ ಹೆಸ್ರು ತಂದೆ ಉಮಮ್ಮ" ಎಂದರು.

ಸೆಪ್ಟೆಂಬರ್ 8, ಬುಧವಾರ

ಲ್ಯಾಬಿನಲ್ಲಿ ಒಬ್ಬ ವಿದ್ಯಾರ್ಥಿನಿ ತನ್ನ ಪ್ರೋಗ್ರಾಮಿನಲ್ಲಿ ತಪ್ಪೆಲ್ಲಿದೆ ತಿಳಿಯುತ್ತಿಲ್ಲ ಎಂದು ಅಳುತ್ತಿದ್ದಳು. ಸ್ನೇಹಾ ಎಂದು ಹೆಸರು. ಎರಡನೇ ಸೆಮಿಸ್ಟರಿನಿಂದ ಇಲ್ಲೇ ಕೂರುತ್ತಾಳೆ, ಹೆಸರು ಇವತ್ತು ಕೇಳಿದೆ. ತಪ್ಪು ತೋರಿಸಿಕೊಟ್ಟೆ. ಒಂದು ಚುಕ್ಕೆ.

ಸೆಪ್ಟೆಂಬರ್ 13, ಸೋಮವಾರ

ಗಣಪತಿ ಹಬ್ಬ. ಅಕ್ಕ ಕಡುಬು ಮಾಡಿದ್ದಳು. ತಿನ್ನಲಾಗಲಿಲ್ಲ. ಮೈ ಸರಿಯಿಲ್ಲ ಎಂದೆ.

ಸೆಪ್ಟೆಂಬರ್ 15, ಬುಧವಾರ

ಮಧ್ಯಾಹ್ನ ಲ್ಯಾಬಿನ ಬಾಗಿಲಲ್ಲಿ ಮೆಹರ್ ಬಾನು ನಿಂತಿದ್ದರು. ಒಬ್ಬರೇ ಬಸ್ಸು ಹತ್ತಿ ಬಂದವರು. ಕಾಲೇಜಿನೊಳಗೆ ಕಾಲಿಟ್ಟದ್ದು ಇದೇ ಮೊದಲಿರಬೇಕು, ಗೋಡೆಗೆ ಒತ್ತಿಕೊಂಡು ನಿಂತಿದ್ದರು. ಒಳಗೆ ಕರೆದು ಕೂರಿಸಿ ನೀರು ಕೊಟ್ಟೆ.

"ಊಟ ಬಿಟ್ಟಾರ" ಎಂದರು. "ಬೆಳಿಗ್ಗೆ ಎದ್ದು ಕಾಗದ ತಗೊಂಡು ಕೂತ್ರ, ನೆಗೆಟಿವ್‌ನೋರ ಹೆಸ್ರು ಬರೀತಾರ. ಬರ್ದು ಮುಗಿಸಿ, ಸರಿ ಐತೇನ್ ನೋಡು ಅಂತ ನನಗ ಕೊಡ್ತಾರ. ನನಗೇನ್ ಓದಾಕ ಬರತೈತೇನವ್ವ? ಮತ್ತ ಮೊದ್ಲಿಂದ ಬರೀತಾರ. ನೀವು ಒಂದ್ ಮಾತು ಹೇಳ್ರಿ. ನಿಮ್ ಮಾತು ಕೇಳ್ತಾರ."

ಏನು ಹೇಳಲಿ ಎಂದು ನಾನು ಕೇಳಿದೆ. ನಾನು ಹೇಳಬೇಕಾದದ್ದನ್ನು ಅವರನ್ನೇ ಕೇಳಿದೆ ಎಂಬುದು ಈಗ ಬರೆಯುವಾಗ ಹೊಳೆಯುತ್ತಿದೆ.

"ತಪ್ಪು ಎಲ್ರಿಂದಾನೂ ಆಗತೈತೆ ಅಂತ ಹೇಳ್ರಿ."

ಬಸ್ ಸ್ಟ್ಯಾಂಡಿಗೆ ಅವರ ಜೊತೆ ನಡೆದು ಹೋಗಿ ಹರಿಹರದ ಬಸ್ಸಿಗೆ ಹತ್ತಿಸಿದೆ. ಕಿಟಕಿಯಿಂದ ಕೈ ಹೊರಗೆ ಹಾಕಿ ನನ್ನ ತಲೆ ಮುಟ್ಟಿದರು.

ಸೆಪ್ಟೆಂಬರ್ 18, ಶನಿವಾರ

ಹೇಳಿದೆ.

ಹರಿಹರಕ್ಕೆ ಹೋದಾಗ ಸಾಬರು ಚಾಪೆಯ ಮೇಲೆ ಕೂತು ಬರೆಯುತ್ತಿದ್ದರು. ಕೆನ್ನೆ ಒಳಗೆ ಹೋಗಿತ್ತು. ಎದುರಿಗೆ ಕೂತೆ. ನಾಲ್ಕು ಸಾಲು, ಯಾಕೆ ಬರೆದಿದ್ದೆ, ಯಾಕೆ ತೆಗೆದೆ, ಕಂಪ್ಯೂಟರಿನಲ್ಲಿ ಏನು ನೋಡಿದೆ, ಎಲ್ಲ ಹೇಳಿದೆ. ನೀವು ಮೈನಸ್ ಹಾಕಿದ್ರಿ, ನಾನೇ ಅದನ್ನ ಓದದಂಗೆ ಮಾಡಿದ್ದೆ ಎಂದೆ.

ಬಹಳ ಹೊತ್ತು ಪೆನ್ನಿನ ಟೋಪಿ ಹಾಕುವುದು ತೆಗೆಯುವುದು ಮಾಡಿದರು.

"ಹಾಕಿದ್ದೆ?"

"ಹಾಕಿದ್ರಿ."

ಕಣ್ಣು ಮುಚ್ಚಿಕೊಂಡರು. ಅವರ ಮುಖ ಹಗುರಾದದ್ದು ನನಗೆ ಕಾಣಿಸಿತು. ಕ್ಷಣದಷ್ಟು. ಆಮೇಲೆ ಕಣ್ಣು ತೆರೆದರು.

"ನಿಮಗ ಯಾವತ್ತು ಗೊತ್ತಾತು?"

"ಆಗಸ್ಟ್ ಇಪ್ಪತ್ತೇಳಕ್ಕೆ."

ಬೆರಳು ಮಡಿಚಿ ಎಣಿಸಿದರು. "ಇಪ್ಪತ್ತೆರಡು ದಿನ" ಎಂದರು. "ನಾನು ಬೀಗದ ಕೈ ಮೇಜಿನ ಮ್ಯಾಲೆ ಇಟ್ಟಾಗ ನೀವು ಅಲ್ಲೇ ಕೂತಿದ್ರಿ."

"ಹೌದು."

"ದಿನಾ ಐದು ಹೊತ್ತು ಹೇಳೀನಿ. ಆ ಹೆಣ್ಮಗಳನ್ನ ನಾನೇ ಕೊಂದೆ, ಮಾಫ್ ಮಾಡು ಅಂತ. ನೀವು ಬಂದು ಚಹಾ ಕುಡ್ದು ಹೋದ್ರಿ."

ಬರೆಯುತ್ತಿದ್ದ ಕಾಗದವನ್ನು ಮಡಿಚಿ ಪಕ್ಕಕ್ಕಿಟ್ಟರು.

"ರಾಂಗ್ ನಂಬರು ನಾನೂ ಜೋಡಿಸೀನಿ, ಸಾವಿರ ಸಲ" ಎಂದರು. ದನಿ ಏರಿತು. ಅವರು ಜೋರಾಗಿ ಮಾತಾಡಿದ್ದನ್ನು ನಾನು ಯಾವತ್ತೂ ಕೇಳಿರಲಿಲ್ಲ. "ಆದ್ರ ಗೊತ್ತಾದ್ ಕೂಡ್ಲೆ ಬಿಡಿಸೀನಿ. ಗೊತ್ತಿದ್ದೂ ಸುಮ್ನೆ ಕೂತಿಲ್ಲ."

ಮೆಹರ್ ಬಾನು ಅಡುಗೆ ಮನೆಯ ಬಾಗಿಲಲ್ಲಿ ನಿಂತಿದ್ದರು. ಎಲ್ಲ ಕೇಳಿಸಿಕೊಂಡಿದ್ದರು. ಇವತ್ತು ಚಹಾ ಬರಲಿಲ್ಲ.

ಹೊರಡಲು ಎದ್ದಾಗ ಸಾಬರು, "ನನಗ ಹೇಳಿದ್ರ ಆಗಲಿಲ್ಲ. ಆ ಹೆಣ್ಮಗಳ ಮನೀಗೆ ಹೋಗ್ಬೇಕು" ಎಂದರು. ಒಬ್ಬಳೇ ಹೋಗುತ್ತೇನೆ ಎಂದೆ. "ನಾನೂ ಬರ್ತೀನಿ. ನಿಮ್ ಸಲುವಾಗಿ ಅಲ್ಲ. ಅವ್ರಿಗೆ ತಪ್ಪು ಮಂದೀನ ಕಳ್ಸಿದ ದನಿ ನಂದು."

ಸೆಪ್ಟೆಂಬರ್ 26, ಭಾನುವಾರ

ಕಡರನಾಯಕನಹಳ್ಳಿಗೆ ಹೋಗಿ ಬಂದೆವು. ಬಸ್ಸಿನಲ್ಲಿ ಸಾಬರು ಮುಂದಿನ ಸೀಟಿನಲ್ಲಿ ಕೂತರು. ನಾನು ಹಿಂದೆ.

ಮನೆ ಸುಲಭವಾಗಿ ಸಿಕ್ಕಿತು. ಬಾಗಿಲ ಮುಂದೆ ಒಂದು ಟ್ರ್ಯಾಕ್ಟರ್ ನಿಂತಿತ್ತು. ಮರುಳಸಿದ್ದಮ್ಮನ ಗಂಡ ಬಕ್ಕೇಶಪ್ಪ ಅದನ್ನು ಓಡಿಸುತ್ತಾರೆ. ಆಗ ಗದ್ದೆಯ ಕಡೆ ಹೋಗಿದ್ದರು. ಅವರ ತಾಯಿ ಕಾಟಮ್ಮ ಇದ್ದರು. ಆಸ್ಪತ್ರೆ ಕಡೆಯವರು, ರಕ್ತದ ಬಳಗದವರು ಎಂದು ಸಾಬರು ಹೇಳಿದ ಕೂಡಲೇ, "ಬರ್ರಿ, ಕೂಡ್ರಿ. ಆವತ್ತು ನಮ್ ಸಲುವಾಗಿ ಎಷ್ಟು ಒದ್ದಾಡಿದ್ರಂತೆ. ನನ್ ಮಗ ಹೇಳ್ತಿರ್ತಾನೆ" ಎಂದರು. ಕಂಬಳಿ ಹಾಸಿದರು. ಮಗು ತೊಟ್ಟಿಲಲ್ಲಿ ಎದ್ದು ಅಳತೊಡಗಿತು. ಒಲೆಯ ಮೇಲೆ ಹಾಲು ಇಟ್ಟಿದ್ದರು. "ಒಂಚೂರು ಹಿಡ್ಕಾ ತಾಯಿ" ಎಂದು ತಂದು ನನ್ನ ಮಡಿಲಲ್ಲಿ ಹಾಕಿ ಒಳಗೆ ಹೋದರು.

ಐದು ವಾರದ ಕೂಸು. ಹಣೆಗೆ, ಕೆನ್ನೆಗೆ ಕಾಡಿಗೆ ಬೊಟ್ಟು. ನಾನು ಕೂಸುಗಳನ್ನು ಎತ್ತಿಕೊಂಡವಳಲ್ಲ. ಕತ್ತು ಹೇಗೆ ಹಿಡಿಯಬೇಕೆಂದು ಸಾಬರು ಕೈಯಲ್ಲೇ ತೋರಿಸಿದರು. ಸುಮ್ಮನಾಯಿತು. ನನ್ನ ಬೆರಳೊಂದನ್ನು ಹಿಡಿದುಕೊಂಡಿತು.

ಬಕ್ಕೇಶಪ್ಪ ಬಂದರು. ಕೈಕಾಲು ತೊಳೆದು ಎದುರಿಗೆ ಕೂತರು. ಕಾಟಮ್ಮ ಚಹಾ ತಂದಿಟ್ಟರು. ಮಗು ಮಡಿಲಲ್ಲಿರುವಾಗ ಹೇಗೆ ಹೇಳುವುದು ಎಂದು ಸಾಬರ ಮುಖ ನೋಡಿದೆ. ಅವರು ನೆಲ ನೋಡುತ್ತಿದ್ದರು. ಹೇಳಿದೆ. ಕಂಪ್ಯೂಟರಿನ ಕಠಿಣ ಮಾತು ಒಂದೂ ಬಳಸಲಿಲ್ಲ. ಸಾಬ್ರು ಮಷಿನ್ನಿಗೆ ಸರಿಯಾಗೇ ಹೊಡ್ದು ಕೇಳಿದ್ರು, ನಾನು ಮಾಡಿದ ತಪ್ಪಿನಿಂದ ಬ್ಯಾರೆ ಗುಂಪಿನೋರ ಹೆಸರು ಬಂದ್ವು, ಎರಡು ತಾಸು ಹೋತು, ಗೊತ್ತಾದ ಮೇಲೂ ಇಪ್ಪತ್ತೆರಡು ದಿನ ಸುಮ್ನಿದ್ದೆ ಎಂದೆ.

ಬಕ್ಕೇಶಪ್ಪ ಕೂಸಿನ ಕಡೆ ನೋಡಿದರು.

"ರಕ್ತ ಟೈಮಿಗೆ ಸಿಕ್ಕಿದ್ರೆ ಉಳೀತಿದ್ಲೇನ್ರಿ?"

"ಗೊತ್ತಿಲ್ರಿ. ಉಳೀಬಹುದಿತ್ತು."

"ನಾನು ಅವ್ಳ ಹತ್ರಾನೇ ಇದ್ದೆ" ಎಂದರು. ನನಗೆ ಹೇಳಿದಂತಿರಲಿಲ್ಲ. "ಯಾರಾದ್ರೂ ಬಂದ್ರಾ, ಯಾರಾದ್ರೂ ಬಂದ್ರಾ ಅಂತಿದ್ಲು. ಮೂರು ಮಂದಿ ಬಂದಾರ ಕಣೇ ಅಂದೆ. ಮೂರು ಮಂದೀನಾ ಅಂದ್ಲು. ನಕ್ಕಳು. ಹಂಗಾದ್ರೆ ಮಗೀಗೆ ಹಾಲು ಕುಡಿಸ್ತೀನಿ, ತಗೊಂಡ್ ಬಾ ಅಂದ್ಲು."



ಕಾಟಮ್ಮ ಗೋಡೆ ಹಿಡಿದು ನಿಂತಿದ್ದವರು ನನ್ನ ಹತ್ತಿರ ಬಂದರು. ಬಗ್ಗಿ ಮಗುವನ್ನು ನನ್ನ ಮಡಿಲಿನಿಂದ ಎತ್ತಿಕೊಂಡರು. ಅದು ನನ್ನ ಬೆರಳು ಬಿಟ್ಟಿರಲಿಲ್ಲ. ಒಂದೊಂದೇ ಬೆರಳನ್ನು ಬಿಡಿಸಿ, ಸೆರಗಿನಲ್ಲಿ ಮುಚ್ಚಿಕೊಂಡು ಒಳಗೆ ಹೋದರು. ಒಳಗಿನ ಬಾಗಿಲು ಹಾಕಿಕೊಂಡರು.

ಚಹಾ ಹಾಗೇ ಇತ್ತು. ಎದ್ದು ಬಂದೆವು.

ಸೆಪ್ಟೆಂಬರ್ 28, ಮಂಗಳವಾರ

ರುದ್ರಮುನಿಯವರ ಅಂಗಡಿಗೆ ಹೋಗಿ ಎಲ್ಲ ಹೇಳಿದೆ. ಗಿರಾಕಿಗಳಿದ್ದರು. ಅವರನ್ನು ಕಳಿಸಿ ಕೇಳಿದರು. ಬೈಯಲಿಲ್ಲ. "ನೀವು ಓದಿದೋರು ಮೇಡಂ" ಎಂದಷ್ಟೇ ಅಂದರು. ಪುಸ್ತಕ, ಬೀಗದ ಕೈ ತೆಗೆದುಕೊಂಡು ತಾವೇ ಹರಿಹರಕ್ಕೆ ಹೋಗಿ ಸಾಬರಿಗೆ ಕೊಟ್ಟು, ಫೋನೂ ಇಲ್ಲೇ ಇರಲಿ ಎಂದು ಹೇಳಿ ಬಂದರಂತೆ. ಬಳಗಕ್ಕೆ ನಾನಿನ್ನು ಬೇಡ ಎನ್ನಬಹುದೆಂದುಕೊಂಡಿದ್ದೆ. ಯಾರೂ ಏನೂ ಅನ್ನಲಿಲ್ಲ. ಅದೂ ಕಷ್ಟವೇ.

ಕಡರನಾಯಕನಹಳ್ಳಿಗೆ ಹೋಗಿ ಹೇಳಿ ಬಂದದ್ದಕ್ಕೆ ಅಕ್ಕ ಎರಡು ದಿನದಿಂದ ಮಾತಾಡುತ್ತಿಲ್ಲ. ಇವತ್ತು ನನ್ನ ತಟ್ಟೆಗೆ ತಾನೇ ಬಡಿಸಿದಳು.

ಅಕ್ಟೋಬರ್ 3, ಭಾನುವಾರ

ನೆಗೆಟಿವ್ ಗುಂಪಿನವರು ಒಟ್ಟು ಮೂವತ್ತೊಂದು ಜನ. ಒಬ್ಬೊಬ್ಬರ ಮನೆಗೂ ಹೋಗಿ, ಫೋನು ಸರಿಯಿದೆಯೇ, ಯಾವ ಹೊತ್ತಿಗೆ ಎಲ್ಲಿರುತ್ತಾರೆ ಎಂದು ಕೇಳಿಕೊಂಡು ಬರಲು ಶುರುಮಾಡಿದ್ದೇನೆ. ಇವತ್ತು ಐವರು. ತಸ್ಲೀಮ್ ಹೊಲಿಗೆ ಹೇಳಿಕೊಡುತ್ತಾಳೆ, ಫೋನು ಪಕ್ಕದ ಮನೆಯದು, ಅವರು ಮಧ್ಯಾಹ್ನ ಬೀಗ ಹಾಕಿಕೊಂಡು ಹೋಗುತ್ತಾರೆ. ಸಿಕಂದರ್ ಬಡಗಿ, ಸೂಜಿ ಕಂಡರೆ ಹೆದರಿಕೆ, ಆದರೂ ಆರು ಸಲ ಕೊಟ್ಟಿದ್ದಾನೆ. ಕೊಂಡಜ್ಜಿಗೂ ಹೋಗಿದ್ದೆ. ಗೌಸ್ ಪೀರ್ ಗಿರಣಿ ನಿಲ್ಲಿಸಿ, ಹೊರಗೆ ಬಂದು ಮಾತಾಡಿದರು. ಆವತ್ತು ದಾರಿಯಲ್ಲಿ ರೈಲ್ವೆ ಗೇಟು ಹಾಕಿತ್ತಂತೆ. ಗೇಟಿನ ಕೆಳಗೆ ಮೊಪೆಡ್ ಮಲಗಿಸಿ ಎಳೆದುಕೊಂಡು ದಾಟಿದರಂತೆ. "ಇನ್ನೊಂದ್ ಸ್ವಲ್ಪ ಜಲ್ದಿ ಹೊಡೀಬೇಕಿತ್ತು" ಎಂದರು.

ಅವರೂ ತಮ್ಮದೇ ತಪ್ಪು ಎಂದುಕೊಂಡಿದ್ದರು. ಅವರಿಗೂ ಹೇಳಿದೆ.

ಅಕ್ಟೋಬರ್ 10, ಭಾನುವಾರ

ಬೆಳಿಗ್ಗೆ ಹರಿಹರದಲ್ಲಿದ್ದೆ. ಸಾಬರು ಫೋನಿನ ಪಕ್ಕ ಕೂತಿದ್ದರು. ನಾನು ಮನೆಮನೆಯಿಂದ ತಂದದ್ದನ್ನು ಹೇಳುತ್ತಿದ್ದೆ, ಅವರು ಪುಸ್ತಕದಲ್ಲಿ ಬರೆದುಕೊಳ್ಳುತ್ತಿದ್ದರು. ಕೆಲಸದ ಮಾತು ಬಿಟ್ಟು ಬೇರೆ ಮಾತಿಲ್ಲ. ನನ್ನನ್ನು ಹೆಸರು ಹಿಡಿದು ಕರೆಯುವುದನ್ನು ಬಿಟ್ಟಿದ್ದಾರೆ.

ಹನ್ನೊಂದಕ್ಕೆ ಬಾಗಿಲಲ್ಲಿ ಬಕ್ಕೇಶಪ್ಪ ಬಂದು ನಿಂತರು. ಮನೆಯಲ್ಲಿ ಹೇಳದೆ ಬಂದಿದ್ದರು. ಸಾಬರು ಎದ್ದು ಕುರ್ಚಿ ಕೊಟ್ಟರು. ಕೂರಲಿಲ್ಲ.

"ಆವತ್ತು ಇವ್ರು ಹೊಡೆದಿದ್ದು ಅಂದ್ರಲ್ಲ. ಅದು ಇನ್ನೂ ಐತೇನ್ರಿ ಆ ಮಷಿನ್ನಾಗೆ?"

"ಐತ್ರಿ" ಎಂದೆ.

"ನೋಡ್ಬೇಕಿತ್ತು."

ದುಪ್ಪಟಿ ತೆಗೆದೆ. ಕಂಪ್ಯೂಟರ್ ಚಾಲೂ ಆಗುವವರೆಗೆ ಮೂವರೂ ನಿಂತೇ ಇದ್ದೆವು. ಹಳೆಯ ಸಾಲುಗಳ ಫೈಲು ತೆರೆದು, ಅದನ್ನು ಪರದೆಯ ನಡುವೆ ಬರುವ ಹಾಗೆ ಮಾಡಿದೆ.

ಬಕ್ಕೇಶಪ್ಪ ಬಗ್ಗಿ ನೋಡಿದರು. "ಇಂಗ್ಲಿಷ್ ಬರಂಗಿಲ್ರಿ ನನಗೆ. ಓದಿ ಹೇಳ್ರಿ."

"ಹುಡುಕು ಅಂತೈತ್ರಿ. ಗುಂಪು ಬಿ. ನೆಗೆಟಿವ್."

"ನೆಗೆಟಿವ್ ಅನ್ನೋದು ಯಾವ್ದು? ಗೆರಿ ಎರಡು ಅದಾವಲ್ರಿ."

"ಮೊದಲ್ನೇದು ಅಲ್ರಿ. ಕೊನೇದು."

ಬೆರಳಿಟ್ಟು ತೋರಿಸಿದೆ. ಅವರು ತಮ್ಮ ಬೆರಳನ್ನೂ ಗಾಜಿನ ಹತ್ತಿರ ತಂದರು. ಮುಟ್ಟಲಿಲ್ಲ.

"ಇಷ್ಟಾ?" ಎಂದು ಕೇಳಿದರು.

"ಇಷ್ಟೇ ರೀ."

ಇನ್ನೊಮ್ಮೆ ನೋಡಿದರು. ಆಮೇಲೆ ಹೊರಗೆ ಹೋಗಿ ಚಪ್ಪಲಿ ಮೆಟ್ಟಿಕೊಂಡರು. ಮೆಹರ್ ಬಾನು ನೀರು ತರುವಷ್ಟರಲ್ಲಿ ಅಂಗಳ ದಾಟಿದ್ದರು. ಸಾಬರು ಬರಿಗಾಲಲ್ಲೇ ಅವರ ಹಿಂದೆ ಹೋದರು. ನಾನು ಎದ್ದು ಬಾಗಿಲವರೆಗೆ ಹೋದೆ, ಅದರಾಚೆ ಹೋಗಲಿಲ್ಲ. ಬಸ್ ಸ್ಟ್ಯಾಂಡಿನ ಕಡೆ ಇಬ್ಬರೂ ಜೊತೆಯಾಗಿ ನಡೆಯುವುದು ತಿರುವಿನವರೆಗೂ ಕಂಡಿತು.